ಸಂಬಳದ ಚೀಟಿಯಿಂದ ಶುರುಮಾಡಿ: ದುಡಿಯುವವರ ಬದುಕಿನ ಸಾಕ್ಷ್ಯಚಿತ್ರ ಮಾಡುವವರಿಗೆ ಸಮಗ್ರ ಮಾರ್ಗದರ್ಶಿ

2016ರ ಏಪ್ರಿಲ್ 18ರಂದು ಬೆಂಗಳೂರಿನ ಹೊಸೂರು ರಸ್ತೆಗೆ ಗಾರ್ಮೆಂಟ್ಸ್ ಹೆಂಗಸರು ಸಾವಿರಗಟ್ಟಲೆ ಇಳಿದರು. ಪಿಎಫ್‌ಗೆ (ಭವಿಷ್ಯ ನಿಧಿಗೆ) ಮಾಲೀಕರು ಕಟ್ಟಿದ ಪಾಲನ್ನು 58 ವರ್ಷ ತುಂಬುವ ತನಕ ಮುಟ್ಟುವಂತಿಲ್ಲ ಎಂದು ಕೇಂದ್ರ ಸರ್ಕಾರ ಆ ವರ್ಷ ತಂದಿದ್ದ ನಿಯಮವೇ ಅದಕ್ಕೆ ಕಾರಣ. ಮರುದಿನವೇ, 19ರಂದು, ಸರ್ಕಾರ ನಿಯಮವನ್ನು ವಾಪಸು ಪಡೆಯಿತು. ಎರಡು ದಿನದಲ್ಲಿ ದೇಶದ ನೀತಿಯೊಂದನ್ನು ಹಿಂದಕ್ಕೆ ತಿರುಗಿಸಿದ ಹೆಂಗಸರು ಅವರು. ಆದರೆ ಟಿವಿಯಲ್ಲಿ ನಮಗೆ ಹೆಚ್ಚು ಕಂಡದ್ದು ಟ್ರಾಫಿಕ್ ಜಾಮ್ ಮತ್ತು ಉರಿಯುವ ಬಸ್ಸು. ಹೊಲಿಗೆ ಮಷಿನ್ ಮುಂದೆ ಕೂತು ಕೂತು 40ಕ್ಕೇ ಕಣ್ಣು, ಸೊಂಟ ಸೋತವಳಿಗೆ 58ರ ಮಾತು ಎಲ್ಲಿಂದ ಬರಬೇಕು, ಕೆಲಸ ಬಿಟ್ಟಾಗ ಕೈಗೆ ಬರುವ ಆ ಪಿಎಫ್ ದುಡ್ಡಿನಲ್ಲಿ ಯಾರ ಫೀಸು, ಯಾವ ಸಾಲ, ಯಾರ ಮದುವೆ ಅಡಗಿದೆ ಎಂಬುದನ್ನು ಬಿಡಿಸಿ ಹೇಳಲು ಯಾರಿಗೂ ಪುರುಸೊತ್ತಿರಲಿಲ್ಲ.

ಆ ಪುರುಸೊತ್ತು ಇರುವುದು ಸಾಕ್ಷ್ಯಚಿತ್ರಕ್ಕೆ. ಕಾರ್ಮಿಕರ ಹಕ್ಕು ಮತ್ತು ಆರ್ಥಿಕ ಅಸಮಾನತೆಯ ಬಗ್ಗೆ ಮೊದಲ ಚಿತ್ರಕ್ಕೆ ಕೈಹಾಕುತ್ತಿರುವವರಿಗಾಗಿ ಇದನ್ನು ಬರೆಯುತ್ತಿದ್ದೇನೆ. ಉದಾಹರಣೆಗೆ ಬೆಂಗಳೂರಿನ ಗಾರ್ಮೆಂಟ್ಸ್ ಕೆಲಸವನ್ನೇ ಹಿಡಿದಿದ್ದೇನೆ. ಪೌರಕಾರ್ಮಿಕರು, ಕಾಫಿ ತೋಟದವರು, ಬೀಡಿ ಕಟ್ಟುವವರು, ಡೆಲಿವರಿ ಹುಡುಗರು, ಯಾರ ಬಗ್ಗೆ ಮಾಡಿದರೂ ದಾರಿ ಹೆಚ್ಚುಕಡಿಮೆ ಇದೇ.

ಹೆಜ್ಜೆ 1: ವಿಷಯ ಬೇಡ, ಪ್ರಶ್ನೆ ಹಿಡಿಯಿರಿ

"ಗಾರ್ಮೆಂಟ್ಸ್ ಮಹಿಳೆಯರ ಸಂಕಷ್ಟ" ಎನ್ನುವುದು ವಿಷಯ. ಅದರಿಂದ ಚಿತ್ರ ಹುಟ್ಟುವುದಿಲ್ಲ. "20 ವರ್ಷ ಟೈಲರ್ ಆಗಿ ದುಡಿದವಳ ಸಂಬಳವೂ ಹೋದ ತಿಂಗಳು ಸೇರಿದವಳ ಸಂಬಳವೂ ಹತ್ತಿರ ಹತ್ತಿರ ಒಂದೇ ಇರುವುದು ಯಾಕೆ?" ಇದು ಪ್ರಶ್ನೆ. ಇದನ್ನು ಹಿಡಿದು ಹೊರಟರೆ ಕನಿಷ್ಠ ವೇತನವೇ ಗರಿಷ್ಠ ವೇತನವಾಗಿ ನಿಂತಿರುವುದು ತಾನಾಗಿ ಕಣ್ಣಿಗೆ ಬೀಳುತ್ತದೆ. ಅಲ್ಲಿಂದ ಅಂಗಿಯ ಬೆಲೆ, ಆರ್ಡರ್ ಕೊಡುವ ವಿದೇಶಿ ಬ್ರ್ಯಾಂಡು, ಮಾಲೀಕರು, ಸರ್ಕಾರದ ಅಧಿಸೂಚನೆ, ಎಲ್ಲದರ ಬಾಗಿಲೂ ತೆರೆಯುತ್ತದೆ.

ಪ್ರಶ್ನೆ ಒಂದೇ ವಾಕ್ಯದಲ್ಲಿ ಇರಲಿ. ಕಾರ್ಮಿಕರೊಬ್ಬರಿಗೆ ಹೇಳಿದರೆ ಅವರು "ಹೌದಲ್ವಾ" ಎಂದು ಮಾತು ಶುರುಮಾಡಬೇಕು. "ಏನೋಪ್ಪ" ಎಂದು ಸುಮ್ಮನಾದರೆ ಪ್ರಶ್ನೆ ಇನ್ನೂ ನಿಮ್ಮದೇ, ಅವರದಾಗಿಲ್ಲ.

ಹೆಜ್ಜೆ 2: ಕ್ಯಾಮೆರಾ ಮನೆಯಲ್ಲಿಟ್ಟು ಹೋಗಿ

ಇದಕ್ಕೆ ನಮ್ಮ ನೆಲದಲ್ಲೇ ಒಂದು ಮಾದರಿ ಇದೆ. ದೀಪಾ ಧನರಾಜ್, ಅಭಾ ಭೈಯಾ, ಮೀರಾ ರಾವ್, ನವ್ರೋಜ್ ಕಾಂಟ್ರಾಕ್ಟರ್ ಸೇರಿ 1980ರಲ್ಲಿ ಯುಗಾಂತರ್ ಎಂಬ ತಂಡ ಕಟ್ಟಿದರು. ಬೆಳಗಾವಿ ಜಿಲ್ಲೆಯ ನಿಪ್ಪಾಣಿಯಲ್ಲಿ ತಂಬಾಕು ಕಾರ್ಖಾನೆಗಳ ಹೆಂಗಸರು ಸಂಘ ಕಟ್ಟಿ ಮುಷ್ಕರ ಹೂಡಿದ ಕತೆಯನ್ನು ಈ ತಂಡ 1982ರಲ್ಲಿ ಚಿತ್ರ ಮಾಡಿತು. ಸುಮಾರು 25 ನಿಮಿಷದ ಚಿತ್ರ ಅದು. ಅದಕ್ಕಾಗಿ ಅವರು ಆ ಹೆಂಗಸರ ಜೊತೆ ಕಳೆದದ್ದು ನಾಲ್ಕು ತಿಂಗಳು. 25 ನಿಮಿಷಕ್ಕೆ ನಾಲ್ಕು ತಿಂಗಳು! ತಂಬಾಕಿನ ಘಾಟು, ಪುಡಿ, ಕೂಲಿಯ ಲೆಕ್ಕ, ಸಂಘದ ಸಭೆ ಎಲ್ಲವೂ ಅಲ್ಲಿ ಹೆಂಗಸರ ಬಾಯಿಂದಲೇ ಬರುತ್ತವೆ. ಆ ನಾಲ್ಕು ತಿಂಗಳು ಇಲ್ಲದಿದ್ದರೆ ಅಷ್ಟು ಬಿಚ್ಚುಮಾತು ಸಿಗುತ್ತಿರಲಿಲ್ಲ.

ನಿಮಗೆ ನಾಲ್ಕು ತಿಂಗಳು ಒಟ್ಟಿಗೆ ಸಿಗಲಿಕ್ಕಿಲ್ಲ. ವಾರಕ್ಕೆ ಎರಡು ಸಂಜೆ, ಒಂದು ಭಾನುವಾರ ಮೀಸಲಿಡಿ. ಪೀಣ್ಯ, ಬೊಮ್ಮನಹಳ್ಳಿ, ಮೈಸೂರು ರಸ್ತೆ, ಎಲ್ಲೇ ಆಗಲಿ, ಶಿಫ್ಟ್ ಬಿಡುವ ಹೊತ್ತಿಗೆ ಗೇಟಿನ ಎದುರಿನ ಟೀ ಅಂಗಡಿಯಲ್ಲಿ ನಿಲ್ಲಿ. ಮದ್ದೂರು, ಚನ್ನಪಟ್ಟಣ, ರಾಮನಗರದ ಕಡೆಯಿಂದ ರೈಲಿನಲ್ಲಿ, ಕಂಪನಿ ವ್ಯಾನಿನಲ್ಲಿ ಬರುವವರ ಜೊತೆ ಪ್ರಯಾಣ ಮಾಡಿ. ಒಡಿಶಾ, ಜಾರ್ಖಂಡಿನಿಂದ ಬಂದು ಹಾಸ್ಟೆಲಿನಲ್ಲಿರುವ ಹುಡುಗಿಯರನ್ನು ಬಿಡಬೇಡಿ. ಅವರ ಕತೆ ಬೇರೆ, ಭಯವೂ ಬೇರೆ. ಸಂಘಟನೆಯ ಕಚೇರಿಗೆ ಹೋಗಿ ಪರಿಚಯ ಮಾಡಿಕೊಳ್ಳಿ. ಆದರೆ ಸಂಘಟನೆಯವರು ತೋರಿಸಿದವರನ್ನಷ್ಟೇ ಮಾತಾಡಿಸಿ ಬಂದರೆ ಅದು ಅವರ ಕರಪತ್ರವಾಗುತ್ತದೆ. ಸಂಘಕ್ಕೆ ಸೇರದವಳು, ಸೇರಿ ಬಿಟ್ಟವಳು, ಸೂಪರ್‌ವೈಸರ್ ಆದವಳು, ಇವರೂ ಬೇಕು.

ನಾನು ಹೀಗೆ ಓಡಾಡುತ್ತಿದ್ದಾಗ ಎರಡನೇ ವಾರದಲ್ಲೇ ಒಬ್ಬರು ಕೇಳಿದ್ದರು: "ಇದ್ನೆಲ್ಲಾ ತಕಂಡೋಗಿ ಏನ್ ಮಾಡೀರಿ ಮೇಡಂ? ನಮ್ ಸಂಬ್ಳ ಜಾಸ್ತಿ ಆಯ್ತದಾ?" ಈ ಪ್ರಶ್ನೆ ನಿಮಗೂ ಬರುತ್ತದೆ. "ಆಗುತ್ತೆ" ಎಂದು ಹೇಳಬೇಡಿ. ಚಿತ್ರದಿಂದ ಏನಾಗಬಹುದು, ಏನಾಗಲಾರದು ಎಂದು ಇದ್ದದ್ದು ಇದ್ದಹಾಗೆ ಹೇಳಿ. ನಾನು ಹೇಳಿದೆ, "ಗೊತ್ತಿಲ್ಲಕ್ಕ. ಆದ್ರೆ ನಿಮ್ಮ ಲೆಕ್ಕ ನಾಲ್ಕು ಜನಕ್ಕೆ ಗೊತ್ತಾಗುತ್ತೆ." ಅವರು ಮುಂದಿನ ವಾರ ಸಂಬಳದ ಚೀಟಿಗಳ ಒಂದು ಕವರ್ ತಂದುಕೊಟ್ಟರು.

ಹೆಜ್ಜೆ 3: ಕಾಗದ ಓದಲು ಕಲಿಯಿರಿ

ಈ ಮಾರ್ಗದರ್ಶಿಯಲ್ಲಿ ಒಂದೇ ಒಂದು ಹೆಜ್ಜೆ ಓದಲು ನಿಮಗೆ ಸಮಯವಿದ್ದರೆ ಇದನ್ನು ಓದಿ. ಅಳುವ ಮುಖವನ್ನು ನೋಡಿದವರು ಅಯ್ಯೋ ಎನ್ನುತ್ತಾರೆ, ಮರೆಯುತ್ತಾರೆ. ಸಂಬಳದ ಚೀಟಿಯ ಮೇಲೆ ಕ್ಯಾಮೆರಾ ನಿಲ್ಲಿಸಿ, ಆ ಹೆಂಗಸೇ ಬೆರಳಿಟ್ಟು ಸಾಲು ಸಾಲಾಗಿ ಲೆಕ್ಕ ಹೇಳಿದರೆ ನೋಡುಗರು ತಮ್ಮ ಸಂಬಳದ ಜೊತೆ ಹೋಲಿಸಿ ನೋಡುತ್ತಾರೆ. ಅಸಮಾನತೆ ಅರ್ಥವಾಗುವುದು ಆ ಕ್ಷಣದಲ್ಲಿ.

ಚೀಟಿ ಓದುವುದು ಹೀಗೆ. ಲೆಕ್ಕ ಸುಲಭವಾಗಲೆಂದು ಮೂಲ ವೇತನ ಮತ್ತು ತುಟ್ಟಿಭತ್ಯೆ ಸೇರಿ ತಿಂಗಳಿಗೆ 12,000 ರೂಪಾಯಿ ಎಂದು ಇಟ್ಟುಕೊಳ್ಳೋಣ. ಪಿಎಫ್‌ಗೆ ಕಾರ್ಮಿಕರ ಪಾಲು ಶೇ 12, ಅಂದರೆ 1,440. ಇಎಸ್‌ಐಗೆ (ಕಾರ್ಮಿಕರ ಆರೋಗ್ಯ ವಿಮೆಗೆ) ಶೇ 0.75, ಅಂದರೆ 90. ಕೈಗೆ ಬರುವುದು 10,470. ತಿಂಗಳಿಗೆ 26 ದಿನದ ಲೆಕ್ಕ ಹಿಡಿದರೆ ದಿನಕ್ಕೆ ಸುಮಾರು 403 ರೂಪಾಯಿ. ಓಟಿಗೆ, ಅಂದರೆ ಹೆಚ್ಚುವರಿ ಹೊತ್ತಿನ ದುಡಿಮೆಗೆ, ಕಾನೂನು ಹೇಳುವುದು ದುಪ್ಪಟ್ಟು ದರ. 12,000ವನ್ನು 26ರಿಂದ, ಅದನ್ನು 8ರಿಂದ ಭಾಗಿಸಿದರೆ ಗಂಟೆಗೆ ಸುಮಾರು 58, ಅದರ ದುಪ್ಪಟ್ಟು ಸುಮಾರು 115. ಚೀಟಿಯಲ್ಲಿ ಓಟಿ ಎಷ್ಟು ಗಂಟೆ, ಎಷ್ಟು ದುಡ್ಡು ಎಂದು ನೋಡಿ ತಾಳೆ ಹಾಕಿ. ಓಟಿಯ ಸಾಲೇ ಇಲ್ಲದೆ ಆಕೆ ಸಂಜೆ ಏಳಕ್ಕೆ ಹೊರಬರುತ್ತಿದ್ದರೆ ನಿಮ್ಮ ಚಿತ್ರದ ಒಂದು ದೃಶ್ಯ ಅಲ್ಲಿದೆ.

ಇಲ್ಲೇ ಒಂದು ಎಚ್ಚರಿಕೆ. ಪಿಎಫ್ ಪಾಸ್‌ಬುಕ್ ತೆಗೆದಾಗ ಕಾರ್ಮಿಕರ ಪಾಲು 1,440, ಮಾಲೀಕರ ಪಾಲು ಬರೀ 440 ಎಂದು ಕಾಣುತ್ತದೆ. "ಕಂಪನಿ ನುಂಗಿತು" ಎಂದು ಆತುರಪಡಬೇಡಿ. ಮಾಲೀಕರ ಶೇ 12ರಲ್ಲಿ ಶೇ 8.33 ಪಿಂಚಣಿ ಖಾತೆಗೆ ಹೋಗುತ್ತದೆ, ಪಿಎಫ್‌ಗೆ ಸೇರುವುದು ಶೇ 3.67 ಮಾತ್ರ. ಪಕ್ಕದ ಪಿಂಚಣಿ ಕಾಲಂನಲ್ಲಿ 1,000 ಇದ್ದರೆ ಲೆಕ್ಕ ಸರಿಯಿದೆ. ಇಂಥದೊಂದು ತಪ್ಪು ಆರೋಪ ಚಿತ್ರದೊಳಗೆ ಉಳಿದರೆ ಸಾಕು, ಉಳಿದ ಹತ್ತು ನಿಜಗಳನ್ನೂ ಅದರ ಹೆಸರಿನಲ್ಲಿ ತಳ್ಳಿಹಾಕುತ್ತಾರೆ. ನಿಜವಾದ ಕಳ್ಳತನ ಇರುವುದು ಚೀಟಿಯಲ್ಲಿ ಪಿಎಫ್ ಹಿಡಿದು ಪಾಸ್‌ಬುಕ್ಕಿಗೆ ಕಟ್ಟದೇ ಇದ್ದಾಗ. ಅದನ್ನು ತಿಂಗಳು ತಿಂಗಳು ಎದುರುಬದುರು ಇಟ್ಟು ನೋಡಿಯೇ ಹೇಳಬೇಕು.

ಕನಿಷ್ಠ ವೇತನದ ಅಧಿಸೂಚನೆಯನ್ನು ಕಾರ್ಮಿಕ ಇಲಾಖೆಯ ಜಾಲತಾಣದಿಂದ ಇಳಿಸಿಕೊಳ್ಳಿ. ಕರ್ನಾಟಕದಲ್ಲಿ ತುಟ್ಟಿಭತ್ಯೆ ಪ್ರತಿ ಏಪ್ರಿಲ್ 1ಕ್ಕೆ ಬದಲಾಗುತ್ತದೆ, ಹಾಗಾಗಿ ಚೀಟಿಯ ತಿಂಗಳಿಗೆ ಹೊಂದುವ ಅಧಿಸೂಚನೆಯನ್ನೇ ನೋಡಬೇಕು. ಕಾನೂನೂ ಅಷ್ಟೇ: 29 ಹಳೆಯ ಕಾರ್ಮಿಕ ಕಾಯ್ದೆಗಳ ಜಾಗಕ್ಕೆ ಬಂದ ನಾಲ್ಕು ಸಂಹಿತೆಗಳು 2025ರ ನವೆಂಬರ್ 21ರಿಂದ ಜಾರಿಯಾಗಿವೆ. ಅದಕ್ಕಿಂತ ಹಿಂದಿನ ಘಟನೆಗೆ ಹಿಂದಿನ ಕಾಯ್ದೆಯನ್ನೇ ಹೇಳಬೇಕು. ಇದರಲ್ಲಿ ನಿಮಗೆ ಕಾರ್ಮಿಕ ವಕೀಲರೊಬ್ಬರ ಸಹಾಯ ಬೇಕೇ ಬೇಕು. ಸ್ಕ್ರಿಪ್ಟ್ ಓದಿಸಿ.

ಸರ್ಕಾರದ ಕೈಯಲ್ಲಿರುವ ಕಾಗದಕ್ಕೆ ಆರ್‌ಟಿಐ (ಮಾಹಿತಿ ಹಕ್ಕು) ಅರ್ಜಿ ಹಾಕಿ. ಶುಲ್ಕ 10 ರೂಪಾಯಿ, ಉತ್ತರಕ್ಕೆ 30 ದಿನ. ಕರ್ನಾಟಕದ ನಿಯಮದಂತೆ ಒಂದು ಅರ್ಜಿಯಲ್ಲಿ ಒಂದೇ ವಿಷಯ, 150 ಪದ ಮೀರದಂತೆ ಬರೆಯಬೇಕು. ಖಾಸಗಿ ಕಂಪನಿ ಆರ್‌ಟಿಐ ಅಡಿ ಬರುವುದಿಲ್ಲ. ಆದರೆ ಕಾರ್ಖಾನೆಗಳ ಇಲಾಖೆ ಯಾವ ದಿನ ತಪಾಸಣೆ ಮಾಡಿತು, ಏನು ದೋಷ ಕಂಡಿತು, ನೋಟಿಸ್ ಕೊಟ್ಟಿತೇ ಎಂಬ ದಾಖಲೆ ಇಲಾಖೆಯದು. "ಮಾಹಿತಿ ಕೊಡಿ" ಎಂದು ಬರೆಯಬೇಡಿ, "ಇಂಥ ದಿನಾಂಕದಿಂದ ಇಂಥ ದಿನಾಂಕದವರೆಗಿನ ತಪಾಸಣಾ ವರದಿಯ ದೃಢೀಕೃತ ಪ್ರತಿ ಕೊಡಿ" ಎಂದು ಬರೆಯಿರಿ. ಉತ್ತರ ಬರದಿದ್ದರೆ ಮೇಲ್ಮನವಿ ಹಾಕಬೇಕು. ಹಾಗಾಗಿ ಚಿತ್ರೀಕರಣಕ್ಕೆ ಮೂರು ತಿಂಗಳು ಮೊದಲೇ ಅರ್ಜಿ ಹೋಗಿರಲಿ.

ಮೇಲಿನ ತುದಿಯ ಲೆಕ್ಕವೂ ಸಿಗುತ್ತದೆ. ಷೇರು ಮಾರುಕಟ್ಟೆಯಲ್ಲಿರುವ ಪ್ರತಿ ಕಂಪನಿಯೂ ತನ್ನ ಒಬ್ಬೊಬ್ಬ ನಿರ್ದೇಶಕರ ಸಂಭಾವನೆ ಮಧ್ಯಮ ನೌಕರರ (ಸಂಬಳದ ಕ್ರಮದಲ್ಲಿ ಎಲ್ಲರನ್ನೂ ನಿಲ್ಲಿಸಿದರೆ ನಟ್ಟನಡುವೆ ಬರುವವರ) ಸಂಬಳದ ಎಷ್ಟು ಪಟ್ಟು ಎಂದು ಹೇಳಲೇಬೇಕು. ಕಂಪನಿ ಕಾಯ್ದೆ 2013ರ 197(12)ನೇ ಕಲಮು ಇದನ್ನು ಕಡ್ಡಾಯ ಮಾಡಿದೆ. ವಾರ್ಷಿಕ ವರದಿಯ ಕೊನೆಯ ಅನುಬಂಧಗಳಲ್ಲಿ, ಯಾರೂ ಓದದ ಜಾಗದಲ್ಲಿ, ಈ ಕೋಷ್ಟಕ ಇರುತ್ತದೆ. ದೊಡ್ಡ 1,000 ಕಂಪನಿಗಳು ಸುಸ್ಥಿರತಾ ವರದಿಯನ್ನೂ ಕೊಡಬೇಕು. ಅದರಲ್ಲಿ ಗಂಡಸರ, ಹೆಂಗಸರ ಮಧ್ಯಮ ಸಂಬಳ, ಕನಿಷ್ಠ ವೇತನವಷ್ಟೇ ಪಡೆಯುವವರ ಸಂಖ್ಯೆ ಬೇರೆ ಬೇರೆಯಾಗಿ ಇರುತ್ತದೆ. ಆ ಹಾಳೆಯನ್ನು ಸಂಬಳದ ಚೀಟಿಯ ಪಕ್ಕದಲ್ಲಿಟ್ಟು ಒಂದು ಶಾಟ್ ತೆಗೆಯಿರಿ. ಹಿನ್ನೆಲೆ ಮಾತು ಬೇಕಾಗುವುದಿಲ್ಲ.

ಹೆಜ್ಜೆ 4: ಒಪ್ಪಿಗೆ ಮೂರು ಸಲ, ಗುರುತು ಒಂದು ಸಲವೂ ಅಲ್ಲ

ಅಮೆರಿಕದ ಕೆಂಟಕಿಯ ಹಾರ್ಲನ್ ಎಂಬಲ್ಲಿ 1973ರಲ್ಲಿ ಕಲ್ಲಿದ್ದಲು ಗಣಿಯವರು ಮುಷ್ಕರ ಹೂಡಿದಾಗ ಬಾರ್ಬರಾ ಕೋಪಲ್ ಅವರ ಜೊತೆಯಲ್ಲೇ ಇದ್ದು ಚಿತ್ರ ಮಾಡಿದರು. ರೀಲು ಮುಗಿದಾಗಲೂ ಖಾಲಿ ಕ್ಯಾಮೆರಾ ಹಿಡಿದು ನಿಂತದ್ದುಂಟು, ಯಾಕೆಂದರೆ ಕ್ಯಾಮೆರಾ ಎದುರಿಗಿದ್ದರೆ ಬಂದೂಕು ಹಿಡಿದವರ ಕೈ ಸ್ವಲ್ಪ ತಡೆಯುತ್ತಿತ್ತು ಎಂದು ಅವರು ಹೇಳಿದ್ದಾರೆ. ಅಲ್ಲಿ ಇಡೀ ಊರು ಮುಷ್ಕರದಲ್ಲಿತ್ತು, ಮುಖ ಮುಚ್ಚಿಕೊಳ್ಳುವ ಪ್ರಶ್ನೆ ಇರಲಿಲ್ಲ. ನಮ್ಮ ಗಾರ್ಮೆಂಟ್ಸ್ ಗೇಟಿನಲ್ಲಿ ಪರಿಸ್ಥಿತಿ ತಿರುಗಾಮುರುಗಾ. ಒಬ್ಬಳೇ ಮಾತಾಡಿದವಳಿಗೆ ಕ್ಯಾಮೆರಾ ಗುರಾಣಿಯಲ್ಲ, ಬೆರಳು ಮಾಡಿ ತೋರಿಸುವ ಕೈ.

ನನ್ನಿಂದಾದ ಒಂದು ತಪ್ಪನ್ನು ಇಲ್ಲಿ ಹೇಳಲೇಬೇಕು. ಒಬ್ಬರ ಮಾತನ್ನು ಅವರ ಮನೆಯಲ್ಲೇ, ಮುಖ ಕತ್ತಲಲ್ಲಿಟ್ಟು ಚಿತ್ರಿಸಿದ್ದೆ. ದನಿಯನ್ನೂ ಬದಲಿಸಿದ್ದೆ. ಹಿಂದೆ ಬಾಗಿಲಿನ ಮೊಳೆಗೆ ಐಡಿ ಕಾರ್ಡಿನ ಪಟ್ಟಿ ನೇತುಬಿದ್ದಿತ್ತು. ಆ ಬಣ್ಣದ ಪಟ್ಟಿ ಇದ್ದದ್ದು ಒಂದೇ ಕಂಪನಿಗೆ. ಎರಡು ನಿಮಿಷದ ತುಣುಕು ಹೊರಬಿದ್ದ ವಾರದಲ್ಲೇ ಅವರನ್ನು ಬೇರೆ ಲೈನಿಗೆ (ಮಷಿನ್ ಸಾಲಿಗೆ) ಹಾಕಿದರು, ಟಾರ್ಗೆಟ್ ಏರಿಸಿದರು. ಕೆಲಸದಿಂದ ತೆಗೆಯಲಿಲ್ಲ, ಮೂರು ತಿಂಗಳಿಗೆ ಅವರೇ ಬಿಟ್ಟರು. ಸೆಟ್ಲ್‌ಮೆಂಟ್ ಕಾಗದ ತೋರಿಸಲು ಬಂದಾಗಲೂ ನನ್ನನ್ನು ಬೈಯಲಿಲ್ಲ. ಬೈದಿದ್ದರೆ ಎಷ್ಟೋ ಮೇಲಿತ್ತು.

ಆಮೇಲಿಂದ ಚಿತ್ರೀಕರಣಕ್ಕೆ ಮೊದಲು ಚೌಕಟ್ಟಿನೊಳಗೆ ಇರುವುದನ್ನೆಲ್ಲ ಬಾಯಿಬಿಟ್ಟು ಹೇಳುತ್ತಾ ನೋಡುತ್ತೇನೆ: ಗೋಡೆಯ ಕ್ಯಾಲೆಂಡರಿನ ಅಂಗಡಿ ಹೆಸರು, ಗಾಡಿ ನಂಬರು, ಮಗುವಿನ ಶಾಲೆಯ ಸಮವಸ್ತ್ರ, ಮುಂಗೈಯ ಹಚ್ಚೆ, ಕಿಟಕಿಯಾಚೆಯ ಗುಡಿ ಗೋಪುರ. ಮುಖ ಮರೆಸಬೇಕಿದ್ದರೆ ಚಿತ್ರೀಕರಿಸುವಾಗಲೇ ಮರೆಸಿ. ಬೆನ್ನಿಗೆ ಬೆಳಕು ಕೊಡಿ, ಕೈಗಳನ್ನಷ್ಟೇ ತೆಗೆಯಿರಿ. ಎಡಿಟಿಂಗ್‌ನಲ್ಲಿ ಮಸುಕು ಮಾಡಿದರಾಯಿತು ಎಂದುಕೊಂಡರೆ ಮೂಲ ಫೈಲಿನಲ್ಲಿ ಮುಖ ಉಳಿದೇ ಇರುತ್ತದೆ, ಹಾರ್ಡ್‌ಡಿಸ್ಕ್ ಯಾರ ಕೈಗಾದರೂ ಸಿಗಬಹುದು. ದನಿಯೂ ಅಷ್ಟೇ. ಯಂತ್ರದಿಂದ ದನಿ ಬದಲಿಸುವುದಕ್ಕಿಂತ ಅವರ ಮಾತನ್ನು ಅದೇ ಸೀಮೆಯ ಇನ್ನೊಬ್ಬರ ಬಾಯಲ್ಲಿ ಹೇಳಿಸಿ, ಹಾಗೆಂದು ತೆರೆಯ ಮೇಲೆ ತಿಳಿಸಿ. ಫೋನಿನ ಕ್ಯಾಮೆರಾದಲ್ಲಿ ಲೊಕೇಶನ್ ಆರಿಸಿ. ಫೈಲುಗಳಿಗೆ ಹೆಸರಿಡದೆ ಸಂಖ್ಯೆ ಕೊಡಿ, ಯಾವ ಸಂಖ್ಯೆ ಯಾರದು ಎಂಬುದು ಒಂದು ನೋಟ್‌ಬುಕ್ಕಿನಲ್ಲಿ ಮಾತ್ರ ಇರಲಿ.

ಒಪ್ಪಿಗೆಯನ್ನು ಕನ್ನಡದಲ್ಲಿ, ಅವರಿಗೆ ಕನ್ನಡ ಬಾರದಿದ್ದರೆ ಅವರ ಭಾಷೆಯಲ್ಲಿ, ಓದಿ ಹೇಳಿ. ಚಿತ್ರೀಕರಣದ ಮೊದಲು ಒಮ್ಮೆ, ಕಚ್ಚಾ ಎಡಿಟ್ ತೋರಿಸಿ ಇನ್ನೊಮ್ಮೆ, ಬಿಡುಗಡೆಗೆ ಮುಂಚೆ ಮತ್ತೊಮ್ಮೆ. ಮೂರರಲ್ಲಿ ಯಾವಾಗ ಬೇಡ ಎಂದರೂ ತೆಗೆಯಬೇಕು. ಚಿತ್ರದ ಎದೆಯೇ ಆ ದೃಶ್ಯವಾಗಿದ್ದರೂ ತೆಗೆಯಬೇಕು. ಲೈಂಗಿಕ ಕಿರುಕುಳದ ದೂರು ಕೊಟ್ಟವರ ವಿಷಯದಲ್ಲಿ ಇದು ಕಾನೂನೂ ಹೌದು: ಕೆಲಸದ ಜಾಗದ ಲೈಂಗಿಕ ಕಿರುಕುಳ ತಡೆಯುವ 2013ರ ಕಾಯ್ದೆಯ 16ನೇ ಕಲಮಿನ ಪ್ರಕಾರ ದೂರಿನ ವಿವರ, ದೂರುದಾರರ ಮತ್ತು ಸಾಕ್ಷಿಗಳ ಗುರುತು, ವಿಚಾರಣೆಯ ನಡಾವಳಿ ಯಾವುದನ್ನೂ ಪ್ರಕಟಿಸುವಂತಿಲ್ಲ.

ದುಡ್ಡಿನ ಮಾತು. ಮಾತಾಡಿದ್ದಕ್ಕೆ ಹಣ ಕೊಡಬೇಡಿ, ಮಾತಿನ ತೂಕ ಹೋಗುತ್ತದೆ. ಆದರೆ ನಿಮಗಾಗಿ ಒಬ್ಬರು ರಜೆ ಹಾಕಿದರೆ ಆ ದಿನದ ಕೂಲಿಯ ಜೊತೆ ತಿಂಗಳ ಹಾಜರಾತಿ ಬೋನಸ್ಸೂ ಹೋಗುವುದುಂಟು. ಅದನ್ನು ತುಂಬಿಕೊಡುವುದು ನ್ಯಾಯ. ಕೊಟ್ಟದ್ದನ್ನು ಬರೆದಿಡಿ. ಸಾಧ್ಯವಾದಷ್ಟೂ ರಜೆ ಹಾಕಿಸಲೇಬೇಡಿ. ಭಾನುವಾರ ಹೋಗುವುದಾದರೆ ಅದು ಬಟ್ಟೆ ಒಗೆಯುವ, ರೇಷನ್ ತರುವ, ವಾರಕ್ಕೊಮ್ಮೆ ಮಕ್ಕಳ ತಲೆಗೆ ಎಣ್ಣೆ ಹಾಕುವ ದಿನ ಎಂಬ ಅರಿವಿರಲಿ.

ಹೆಜ್ಜೆ 5: ಸಲಕರಣೆ

ಒಳ್ಳೆಯ ಫೋನು, ಎರಡು ಕಾಲರ್ ಮೈಕ್, ಒಂದು ಟ್ರೈಪಾಡ್, ಹೆಡ್‌ಫೋನ್. ಮೊದಲ ಚಿತ್ರಕ್ಕೆ ಇಷ್ಟು ಸಾಕು. ದುಡ್ಡಿದ್ದರೆ ಮೈಕಿಗೆ ಹಾಕಿ, ಕ್ಯಾಮೆರಾಕ್ಕಲ್ಲ. ಶೀಟಿನ ಮನೆ, ಪಕ್ಕದ ಮನೆಯ ಟಿವಿ, ಕುಕ್ಕರ್ ಸೀಟಿ, ಮಳೆ ಇವೆಲ್ಲದರ ನಡುವೆ ಮಾತು ಕೇಳಿಸಬೇಕು. ಹೆಡ್‌ಫೋನ್ ಹಾಕದೆ ಒಂದು ನಿಮಿಷವನ್ನೂ ಚಿತ್ರೀಕರಿಸಬೇಡಿ.

ಟ್ಯೂಬ್‌ಲೈಟಿನ ಕೆಳಗೆ ವಿಡಿಯೊ ಮಿಣಮಿಣ ಎನ್ನುವುದು ಎಲ್ಲರಿಗೂ ಆಗುವ ತೊಂದರೆ. ನಮ್ಮ ವಿದ್ಯುತ್ತು 50 ಹರ್ಟ್ಸ್‌ನದು, ಫೋನುಗಳು ಸಾಮಾನ್ಯವಾಗಿ ಸೆಕೆಂಡಿಗೆ 30 ಚೌಕಟ್ಟಿಗೆ ಹೊಂದಿಕೊಂಡಿರುತ್ತವೆ. ಅದನ್ನು 25ಕ್ಕೆ ಇಟ್ಟು ಶಟರ್ 1/50 ಮಾಡಿ, ಮಿಣುಕು ನಿಲ್ಲುತ್ತದೆ. ಅವತ್ತಿನ ಫೈಲು ಅವತ್ತೇ ಎರಡು ಕಡೆ ನಕಲಾಗಬೇಕು, ಒಂದು ನಿಮ್ಮ ಮನೆಯಲ್ಲದ ಕಡೆ.

ಹೆಜ್ಜೆ 6: ಮಾತಾಡಿಸುವುದು, ನೋಡುವುದು

"ಕಷ್ಟ ಆಗುತ್ತಾ ಅಕ್ಕ?" ಎಂದು ಕೇಳಿದರೆ "ಏನ್ ಮಾಡೋದು, ನಮ್ ಹಣೇಬರ" ಎಂಬ ಉತ್ತರ ಸಿದ್ಧವಾಗಿರುತ್ತದೆ. ಅವರು ಎಷ್ಟು ಜನಕ್ಕೆ ಹಾಗೆ ಹೇಳಿರುತ್ತಾರೋ. ಅದರ ಬದಲು ನಿನ್ನೆಯ ದಿನ ಕೇಳಿ. ಎಷ್ಟು ಗಂಟೆಗೆ ಎದ್ದಿರಿ? ನೀರು ಬಂದಿತ್ತಾ? ವ್ಯಾನಿನಲ್ಲಿ ಕೂರಲು ಜಾಗ ಸಿಕ್ಕಿತಾ? ನೀವು ಹೊಲಿಯುವುದು ಅಂಗಿಯ ಕಾಲರೋ, ತೋಳಿನ ಕಫ್ಫೋ? ಗಂಟೆಗೆ ಎಷ್ಟು ಪೀಸು? ಆಗದಿದ್ದರೆ ಸೂಪರ್‌ವೈಸರ್ ಏನಂದ? ಬಾತ್‌ರೂಮಿಗೆ ಹೋಗಲು ಯಾರನ್ನು ಕೇಳಬೇಕು? ಹೀಗೆ ಕೇಳುತ್ತಾ ಹೋದಾಗ "ಮಧ್ಯಾಹ್ನದವರೆಗೂ ನೀರೇ ಕುಡಿಯಲ್ಲ, ಎದ್ದೋದ್ರೆ ಪೀಸ್ ಉಳ್ಕೊಂಬುಡ್ತವೆ" ಎಂಬ ಒಂದು ಮಾತು, ಅವರಿಗೆ ಅದೇನೂ ದೊಡ್ಡದಲ್ಲ ಎಂಬಂತೆ, ಬಂದುಬಿಡುತ್ತದೆ. ಇಡೀ ಚಿತ್ರ ಹುಡುಕುತ್ತಿದ್ದುದು ಆ ಮಾತನ್ನೇ.

ಉತ್ತರ ಮುಗಿಯಿತು ಎನಿಸಿದ ಮೇಲೆ ಐದು ಸೆಕೆಂಡು ಸುಮ್ಮನಿರಿ. ಅವರು ಅತ್ತರೆ ಕ್ಯಾಮೆರಾ ಆರಿಸಲಾ ಎಂದು ಕೇಳಿ. ಕಣ್ಣೀರಿಗೆ ಜೂಮ್ ಮಾಡಬೇಡಿ. ಜೊತೆಗೆ, ಅವರ ನಗು, ಕೆಲಸದ ಬಗ್ಗೆ ಅವರಿಗಿರುವ ಹೆಮ್ಮೆ, ಇವು ಚಿತ್ರದಲ್ಲಿ ಕಡ್ಡಾಯವಾಗಿ ಇರಬೇಕು. ಮಾಲ್‌ನಲ್ಲಿ ನೇತುಹಾಕಿದ ಅಂಗಿಯ ಹೊಲಿಗೆಯನ್ನು ಉಗುರಿನಲ್ಲಿ ಸವರಿ "ಇದು ಸಿಂಗಲ್ ನೀಡಲ್, ಇಲ್ಲಿ ಸ್ವಲ್ಪ ಎಳ್ದುಬುಟ್ಟವ್ರೆ" ಎಂದು ಹೇಳಬಲ್ಲ ಕಸುಬುದಾರರು ಅವರು. ಬಡತನವನ್ನಷ್ಟೇ ತೋರಿಸಿ ಈ ಕೈಚಳಕವನ್ನು ತೋರಿಸದಿದ್ದರೆ ಅನ್ಯಾಯ ಏನೆಂಬುದೇ ನೋಡುಗರಿಗೆ ತಿಳಿಯುವುದಿಲ್ಲ.

ಕಾರ್ಖಾನೆಯ ಒಳಗೆ ಅನುಮತಿ ಇಲ್ಲದೆ ಕಾಲಿಡಬೇಡಿ, ಕಾರ್ಮಿಕರ ಕೈಗೆ ಗುಪ್ತ ಕ್ಯಾಮೆರಾ ಕೊಟ್ಟು ಕಳಿಸಬೇಡಿ. ಸಿಕ್ಕಿಬಿದ್ದರೆ ಹೋಗುವುದು ಅವರ ಕೆಲಸ, ನಿಮ್ಮದಲ್ಲ. ಒಳಗಿನ ದೃಶ್ಯ ಇಲ್ಲದೆಯೂ ಒಳಗನ್ನು ತೋರಿಸಬಹುದು. ಮನೆಯ ನೆಲದ ಮೇಲೆ ಸೀಮೆಸುಣ್ಣದಲ್ಲಿ ಲೈನಿನ ನಕ್ಷೆ ಬರೆಸಿ: ಇಲ್ಲಿ ನನ್ನ ಮಷಿನ್, ಇಲ್ಲಿ ಚೆಕಿಂಗ್, ಇಲ್ಲಿ ಐರನ್, ಬಾಗಿಲು ಅಲ್ಲಿ. ನಾಲ್ಕು ಜನ ಕೂತು ಬರೆಯುವಾಗ ನಡೆಯುವ ವಾದವೇ ಒಂದು ಅಧ್ಯಾಯ. ಬೆಳಗಿನ ಜಾವದ ಬಸ್‌ಸ್ಟಾಪು, ಗೇಟಿನ ಮುಂದಿನ ಹೂವಿನ ಬುಟ್ಟಿ, ಶಿಫ್ಟ್ ಬಿಟ್ಟ ಹತ್ತು ನಿಮಿಷದಲ್ಲಿ ರಸ್ತೆ ತುಂಬುವುದು, ವಾರದ ಸಾಲದ ಕಂತು ವಸೂಲಿಗೆ ಬಂದವನ ಮುಂದೆ ಹೆಂಗಸರು ಸಾಲಾಗಿ ಕೂರುವುದು, ಇವೆಲ್ಲ ಹೊರಗೇ ಇವೆ. ರೈಲು ನಿಲ್ದಾಣ, ಮೆಟ್ರೊ ಎರಡಕ್ಕೂ ಮುಂಗಡ ಅನುಮತಿ ಬೇಕು. ಪ್ರತಿಭಟನೆ ಚಿತ್ರಿಸುವುದಾದರೆ ಬೆಂಗಳೂರಿನಲ್ಲಿ ಈಗ ಅದು ಫ್ರೀಡಂ ಪಾರ್ಕಿನೊಳಗೆ. ಮುಖಗಳ ಗುಂಪಿನ ಮೇಲೆ ನಿಧಾನವಾಗಿ ಕ್ಯಾಮೆರಾ ಹಾಯಿಸುವ ಆಸೆಯನ್ನು ಅಲ್ಲೂ ತಡೆದುಕೊಳ್ಳಿ.

ಹೆಜ್ಜೆ 7: ಎದುರಿನವರಿಗೂ ಕೇಳಿ

ಕಂಪನಿಯ ಮೇಲೆ ನೇರ ಆರೋಪವಿದ್ದರೆ ಪ್ರಶ್ನೆಗಳನ್ನು ಇಮೇಲಿನಲ್ಲಿ ಕಳಿಸಿ, ಉತ್ತರಕ್ಕೆ ಕನಿಷ್ಠ ಒಂದು ವಾರ ಕೊಡಿ. ಉತ್ತರ ಬಂದರೆ ಅದರ ಸಾರವನ್ನು ಚಿತ್ರದಲ್ಲಿ ಹಾಕಿ, ಬರದಿದ್ದರೆ ಬರಲಿಲ್ಲ ಎಂದು ಹಾಕಿ. ಮಾನನಷ್ಟ ಈಗ ಭಾರತೀಯ ನ್ಯಾಯ ಸಂಹಿತೆಯ 356ನೇ ಕಲಮು. ನಿಜವಾಗಿದ್ದರೆ ಸಾಲದು, ಸಾರ್ವಜನಿಕ ಹಿತಕ್ಕಾಗಿ ಹೇಳಿದ್ದೆಂದೂ ತೋರಿಸಬೇಕಾಗುತ್ತದೆ. ಆಗ ಕೈಹಿಡಿಯುವುದು ಮೂರನೇ ಹೆಜ್ಜೆಯ ಕಾಗದಗಳೇ. ಪ್ರಶ್ನೆಗಳಲ್ಲಿ ಯಾವ ಕಾರ್ಮಿಕರ ಗುರುತೂ ಹೊರಬೀಳದಂತೆ, ದಿನಾಂಕ, ಲೈನ್ ನಂಬರ್ ಬಿಟ್ಟು ಬರೆಯಿರಿ.

ಹಣದ ಮೂಲವನ್ನೂ ಇಲ್ಲೇ ಹೇಳಿಬಿಡುತ್ತೇನೆ. ಚಿತ್ರ ಯಾರ ಬಗ್ಗೆಯೋ ಅವರಿಂದ, ಅವರ ಸಿಎಸ್‌ಆರ್ (ಕಂಪನಿಗಳ ಸಾಮಾಜಿಕ ಹೊಣೆ) ನಿಧಿಯಿಂದ ಒಂದು ರೂಪಾಯಿಯೂ ಬೇಡ. ಗೆಳೆಯರು, ಶಿಕ್ಷಕರು, ಸಂಘಗಳಿಂದ ಸಣ್ಣ ಸಣ್ಣ ಮೊತ್ತ ಕೂಡಿಸಿ, ರಸೀದಿ ಕೊಡಿ. ವಿದೇಶದ ಹಣವಾದರೆ ಮುಟ್ಟುವ ಮೊದಲು ಎಫ್‌ಸಿಆರ್‌ಎ (ವಿದೇಶಿ ದೇಣಿಗೆ ಕಾಯ್ದೆ) ಬಲ್ಲ ಲೆಕ್ಕಪರಿಶೋಧಕರನ್ನು ಕೇಳಿ.

ಹೆಜ್ಜೆ 8: ಎಡಿಟಿಂಗ್

ಎಲ್ಲ ಮಾತನ್ನೂ, ಆಡಿದ ಹಾಗೇ, ಸಮಯದ ಗುರುತಿನೊಂದಿಗೆ ಬರೆದುಕೊಳ್ಳಿ. ಬೇಸರದ ಕೆಲಸ, ಆದರೆ ಚಿತ್ರ ಸಿಗುವುದು ಇಲ್ಲೇ. ಬರೆದದ್ದನ್ನು ಕತ್ತರಿಸಿ, ನೆಲದ ಮೇಲೆ ಹರಡಿ ಜೋಡಿಸಿ. ಆಮೇಲೆ ಕಂಪ್ಯೂಟರ್ ಮುಂದೆ ಕೂರಿ. ಡಾವಿಂಚಿ ರಿಸಾಲ್ವ್ ಎಂಬ ಎಡಿಟಿಂಗ್ ತಂತ್ರಾಂಶದ ಉಚಿತ ಆವೃತ್ತಿ ಧಾರಾಳ ಸಾಕು.

ಪಿಟೀಲಿನ ಶೋಕಸಂಗೀತ ಬೇಡ. ಮಷಿನ್ ಸದ್ದು, ರೈಲಿನೊಳಗಿನ ಹರಟೆ, ಊಟದ ಡಬ್ಬಿ ತೆರೆಯುವ ಸದ್ದು ಇವನ್ನೇ ಬಳಸಿ. ಮಂಡ್ಯದ ಮಾತು, ರಾಯಚೂರಿನ ಮಾತು ಹಾಗೇ ಇರಲಿ, "ಶುದ್ಧ" ಮಾಡಬೇಡಿ. ಒಡಿಯಾ, ಹಿಂದಿ ಮಾತಿಗೆ ಕನ್ನಡ ಅಡಿಬರಹ ಹಾಕಿ. ಮೊದಲ ನೋಡುಗರು ಇಲ್ಲಿಯ ಕಾರ್ಮಿಕರೇ ಅಲ್ಲವೇ. ಒತ್ತಕ್ಷರ ಒಡೆಯದ ಯೂನಿಕೋಡ್ ಫಾಂಟ್ ಆರಿಸಿ, ಒಂದು ಸಾಲಿಗೆ ಆರೇಳು ಪದ ಮೀರದಿರಲಿ.

ಉದ್ದ? 25ರಿಂದ 30 ನಿಮಿಷ. ಶಿಫ್ಟ್ ಮುಗಿಸಿ, ಅಡುಗೆಗೆ ಓಡುವ ಮೊದಲು ಸಂಘದ ಕಚೇರಿಯಲ್ಲಿ ಕೂರಲು ಅವರಿಗೆ ಸಿಗುವುದು ಒಂದು ಗಂಟೆ. ಅರ್ಧ ಚಿತ್ರಕ್ಕೆ, ಅರ್ಧ ಅವರ ಮಾತಿಗೆ. ಚಿತ್ರೋತ್ಸವಕ್ಕೆ ಉದ್ದನೆಯ ಆವೃತ್ತಿ ಬೇಕಿದ್ದರೆ ಬೇರೆ ಮಾಡಿ.

ಹೆಜ್ಜೆ 9: ಮೊದಲು ಅವರಿಗೆ, ಆಮೇಲೆ ಊರಿಗೆ

ಸಾರ್ವಜನಿಕ ಪ್ರದರ್ಶನಕ್ಕೆ 1952ರ ಸಿನಿಮಾಟೊಗ್ರಾಫ್ ಕಾಯ್ದೆಯಂತೆ ಸೆನ್ಸಾರ್ ಪ್ರಮಾಣಪತ್ರ ಬೇಕು, ಬೆಂಗಳೂರಿನಲ್ಲೇ ಅದರ ಪ್ರಾದೇಶಿಕ ಕಚೇರಿ ಇದೆ. ಈ ಪ್ರಮಾಣಪತ್ರವನ್ನೇ ಮುಂದಿಟ್ಟು 2004ರ ಮುಂಬೈ ಸಾಕ್ಷ್ಯಚಿತ್ರೋತ್ಸವಕ್ಕೆ ಭಾರತೀಯ ಚಿತ್ರಗಳನ್ನು ಜರಡಿ ಹಿಡಿಯಲು ಹೊರಟಾಗ ನಿರ್ದೇಶಕರು ಒಟ್ಟಾಗಿ ವಿಕಲ್ಪ್ ಹೆಸರಿನಲ್ಲಿ ತಮ್ಮದೇ ಪ್ರದರ್ಶನ ನಡೆಸಿದರು. ಆ ಒಗ್ಗಟ್ಟಿನಿಂದ ಬೆಳೆದ ಸಣ್ಣ ಸಣ್ಣ ಪ್ರದರ್ಶನಗಳ ದಾರಿ ನಿಮಗೂ ತೆರೆದಿದೆ: ಕಾಲೇಜು, ಗ್ರಂಥಾಲಯ, ಮೇ ದಿನದ ಸಭೆ, ವಠಾರದ ಅಂಗಳದಲ್ಲಿ ಕಟ್ಟಿದ ಬಿಳಿ ಪಂಚೆ.

ಎಲ್ಲಕ್ಕಿಂತ ಮೊದಲ ಪ್ರದರ್ಶನ ಚಿತ್ರದಲ್ಲಿರುವವರಿಗೆ, ಅವರು ಕರೆದವರಿಗೆ ಮಾತ್ರ. ನೀವು ಹಿಂದೆ ಕೂತು ತೆರೆಯನ್ನಲ್ಲ, ಅವರನ್ನು ನೋಡಿ. ಎಲ್ಲಿ ನಕ್ಕರು, ಎಲ್ಲಿ ಪಕ್ಕದವರ ಕಿವಿಯಲ್ಲಿ ಏನೋ ಹೇಳಿದರು ಎಂದು ಬರೆದುಕೊಳ್ಳಿ. ನಮ್ಮಲ್ಲಿ ಹೀಗೆ ಆಗಿತ್ತು: ಸಂಬಳದ ಚೀಟಿಯ ದೃಶ್ಯ ಬಂದಾಗ ಮುಂದಿನ ಸಾಲಿನಲ್ಲಿದ್ದ ಒಬ್ಬರು ಪರ್ಸಿನಿಂದ ತಮ್ಮ ಚೀಟಿ ತೆಗೆದು ಪ್ರೊಜೆಕ್ಟರಿನ ಬೆಳಕಿಗೆ ಹಿಡಿದರು. ಪಕ್ಕದವರು ತಮ್ಮದನ್ನೂ ತೆಗೆದರು. ಚಿತ್ರ ನಿಲ್ಲಿಸಬೇಕಾಯಿತು. ಹಾಗಾಗಿ ಈಗ ಪ್ರತಿ ಪ್ರದರ್ಶನದಲ್ಲೂ ಬಾಗಿಲ ಬಳಿ ಒಂದು ಮೇಜು ಹಾಕುತ್ತೇವೆ. ಪಿಎಫ್ ಪಾಸ್‌ಬುಕ್ ತೆಗೆದುಕೊಡಲು ಒಬ್ಬರು, ಇಎಸ್‌ಐ ಬಗ್ಗೆ ಹೇಳಲು ಒಬ್ಬರು, ಕ್ಯಾಲ್ಕುಲೇಟರ್ ಹಿಡಿದು ಒಬ್ಬರು ಕೂರುತ್ತಾರೆ. ಆ ದಿನ ಜಾರಿಯಲ್ಲಿರುವ ಕನಿಷ್ಠ ವೇತನದ ಅಧಿಸೂಚನೆಯನ್ನು ದೊಡ್ಡ ಅಕ್ಷರದಲ್ಲಿ ಮುದ್ರಿಸಿ ಗೋಡೆಗೆ ಅಂಟಿಸಿರುತ್ತೇವೆ. ನೀವೂ ಮೇಜು ಹಾಕಿ, ಕುರ್ಚಿ ಮೂರು ಸಾಲದೆ ಬರಬಹುದು, ಐದು ಇಡಿ.